ಹೆಬ್ಬೆಟ್ಟಿನ ಕೆಳಗಿನ ಹೊತ್ತು

ಹುಣಸೆಹಣ್ಣು ಹಾಕಿ ತಾಮ್ರ ಉಜ್ಜುವಾಗ ಏಳುವ ಹುಳಿ ವಾಸನೆಗೆ ನನಗೆ ಈಗಲೂ ಸಿಟ್ಟು ಬರುತ್ತದೆ. ಹೋದ ತಿಂಗಳು ದೊಡ್ಡಮ್ಮನ ತಿಥಿಯ ದಿನ, ಅವಳ ಟ್ರಂಕಿನಲ್ಲಿ ಸಿಕ್ಕ ಗಳಿಗೆ ಬಟ್ಟಲನ್ನು ಉಜ್ಜುತ್ತ ಹಿತ್ತಲಲ್ಲಿ ಕೂತಿದ್ದೆ. ಅಂಗೈಯಗಲದ ಬಟ್ಟಲು, ತಳದಲ್ಲಿ ಸೂಜಿಮೊನೆಯಷ್ಟು ತೂತು. ಬೆನ್ನ ಹಿಂದೆ ಕೂತಿದ್ದ ಹೆಂಗಸರಲ್ಲಿ ಯಾರೋ, "ಅವತ್ತು ಆಯಮ್ಮನ ಎಬ್ಬೆಟ್ಟು ಜಾರಿದ್ದು ಇದ್ರಲ್ಲೇ ಅಲ್ವಾ?" ಅಂದರು. ಉಜ್ಜುವುದನ್ನು ನಿಲ್ಲಿಸಿದೆ. ಸತ್ತ ಮೇಲೂ ಬಿಡಲಿಲ್ಲವಲ್ಲ ಇವರು.

ಮಾಕಳಿಯ ನಮ್ಮ ಹಳೆಯ ಮನೆ ಇದ್ದ ಜಾಗದಲ್ಲಿ ಈಗ ಗೋದಾಮಿದೆ. ಆಗ ನಡುಮನೆಯಲ್ಲಿ ತಣ್ಣನೆಯ ಕೆಮ್ಮಣ್ಣಿನ ನೆಲ, ಗೂಟದಲ್ಲಿ ಅಪ್ಪನ ಅಂಗಿ, ಅದರಲ್ಲಿ ಕಾರ್ಖಾನೆಯ ಗ್ರೀಸಿನ ವಾಸನೆ. ಅಮ್ಮನ ಅಕ್ಕ ದೊಡ್ಡಮ್ಮ. ಗಂಡ ಸತ್ತ ಮೇಲೆ ನಮ್ಮೊಡನೆಯೇ ಇದ್ದಳು. ಊರಿನಲ್ಲಿ ಹೊತ್ತು ತಡೆಯಲು ಬರುತ್ತಿದ್ದುದು ಅವಳೊಬ್ಬಳಿಗೇ. ಹಿತ್ತಾಳೆ ಪಾತ್ರೆಯ ನೀರಲ್ಲಿ ಬಟ್ಟಲು ತೇಲಿಬಿಟ್ಟರೆ ತೂತಿನಿಂದ ನೀರು ಏರಿ ಮುಳುಗುತ್ತದೆ. ಅಲ್ಲಿಗೆ ಒಂದು ಗಳಿಗೆ ಕಳೆಯಿತು. ಆ ತೂತನ್ನು ಹೆಬ್ಬೆಟ್ಟಿನಿಂದ ಒತ್ತಿ ಹಿಡಿದರೆ ಆ ಮನೆಯೊಳಗೆ ಗಳಿಗೆ ಕಳೆಯುವುದಿಲ್ಲ. ನಮ್ಮ ಊರ ಬಾಯಲ್ಲಿ ಹೊತ್ತೂ 'ಒತ್ತು', ಒತ್ತುವುದೂ 'ಒತ್ತು'. ಗಂಡಿನ ಕಡೆಯ ಬಸ್ಸು ತುಮಕೂರು ರಸ್ತೆಯಲ್ಲಿ ಕೆಟ್ಟು ನಿಂತು ಮುಹೂರ್ತ ಮೀರುವಂತಾದಾಗ, ಸಾಯುತ್ತಿರುವವರು ಮಗಳ ಮುಖ ನೋಡಬೇಕೆಂದಾಗ, ಜನ ಅವಳನ್ನು ಕರೆಯುತ್ತಿದ್ದರು. "ಅಯ್ನೋರ ತಾವ ಬರೀ ಪಂಚಾಂಗ, ಒತ್ತು ಇರೋದು ಈ ಅಕ್ಕನ ತಾವ" ಎಂದು ನಗಾಡುತ್ತಿದ್ದರು. ಕಟ್ಟಳೆ ಒಂದೇ: ತಡೆದಿರುವಷ್ಟು ಕಾಲ ಆ ಮನೆಯಲ್ಲಿ ಯಾರೂ ಗಂಟೆಯ ಹೆಸರು ಎತ್ತಬಾರದು. ಎತ್ತಿದರೆ ಹೆಬ್ಬೆಟ್ಟು ಒತ್ತಿದ್ದರೂ ಬಟ್ಟಲು ಮುಳುಗಿಬಿಡುತ್ತದೆ. ಗಡಿಯಾರವನ್ನು ಗೋಡೆಗೆ ಮುಖ ಮಾಡಿ ತಿರುಗಿಸುತ್ತಿದ್ದರು, ಕೈಗಡಿಯಾರಗಳು ಅಕ್ಕಿ ಡಬ್ಬಕ್ಕೆ ಹೋಗುತ್ತಿದ್ದವು.

ಅಮ್ಮನನ್ನು ಆಸ್ಪತ್ರೆಯವರು ಕೈಚೆಲ್ಲಿ ಮನೆಗೆ ಕಳಿಸಿದಾಗ ನನಗೆ ಏಳು ವರ್ಷ. ಅವತ್ತು ಮಧ್ಯಾಹ್ನ ಅವಳ ಉಸಿರು ಕೆಟ್ಟಿತು. "ಅವ್ರು ಬರ್ಲಿ" ಎಂದಷ್ಟೇ ಅಂದಳು. ದೊಡ್ಡಮ್ಮ ಬಟ್ಟಲು ತೇಲಿಬಿಟ್ಟು ಹೆಬ್ಬೆಟ್ಟು ಒತ್ತಿದಳು. ಪಕ್ಕದ ಮನೆಯ ಗಂಗಣ್ಣ ಅಪ್ಪನನ್ನು ಕಾರ್ಖಾನೆಯಿಂದ ಕರೆತರಲು ಸೈಕಲ್ ಹತ್ತಿ ಹೋದವನು ಒಬ್ಬನೇ ವಾಪಸು ಬಂದ. "ಸೈರನ್ ಆಗ್ದೆ ಗೇಟ್ ತೆಗಿಯಲ್ವಂತೆ. ಎಂಡ್ರು ಸಾಯ್ತವ್ಳೆ ಕಣಣ್ಣ ಅಂದ್ರೆ, ಎಲ್ರೂ ಇಂಗೇ ಏಳ್ತಾರೆ ಓಗಯ್ಯ ಅಂತಾನೆ ಆ ವಾಚ್‌ಮನ್ನು!"

ದೊಡ್ಡಮ್ಮ ಅಲುಗಾಡಲಿಲ್ಲ. ಒತ್ತಿ ಒತ್ತಿ ಉಗುರು ನೀಲಿಯಾಯಿತು. ಅಮ್ಮನ ಉಸಿರು ಸಣ್ಣಗೆ, ಸಮನಾಗಿ ಆಡುತ್ತಿತ್ತು. ಕಣ್ಣು ಬಾಗಿಲ ಮೇಲೇ. ಬಿಸಿಲು ಹೊಸ್ತಿಲಲ್ಲಿ ನಿಂತದ್ದು ನಿಂತೇ ಇತ್ತು, ನಾನೇ ನೋಡಿದ್ದೇನೆ. ಆಗ ದೂರದಲ್ಲಿ ಸೈರನ್ ಕೂಗಿತು. ಎಲ್ಲರೂ ಬಾಯಿ ಬಿಗಿಹಿಡಿದರು. ಗಂಟೆ ನೋಡುವುದನ್ನು ಶಾಲೆಯಲ್ಲಿ ಆಗತಾನೆ ಕಲಿತಿದ್ದ ನಾನು ಕುಣಿದು ಕೂಗಿದೆ: "ನಾಲ್ಕಾಯ್ತು! ಅಪ್ಪನ್ನ ಬಿಡ್ತಾರೆ!"

ಬಟ್ಟಲು ಗುಳಕ್ಕೆಂದು ಮುಳುಗಿತು.

ಅಪ್ಪ ಗ್ರೀಸಿನ ಕೈಯಲ್ಲೇ ಓಡಿ ಬಂದಾಗ ಅಮ್ಮನ ಕಣ್ಣು ಮುಚ್ಚಿಯಾಗಿತ್ತು. ದೊಡ್ಡಮ್ಮ ನನ್ನನ್ನು ಒಂದು ಸಲ ನೋಡಿ, ಅಪ್ಪನ ಕಡೆ ತಿರುಗಿ, "ಎಬ್ಬೆಟ್ಟು ಜಾರ್ಬುಡ್ತು ಕಣಪ್ಪ" ಅಂದಳು. ಅಲ್ಲಿದ್ದವರೆಲ್ಲ ಕೇಳಿಸಿಕೊಂಡರು. ನನ್ನ ಕೂಗನ್ನೂ ಕೇಳಿದ್ದ ಅವರು ತುಟಿ ಬಿಚ್ಚಲಿಲ್ಲ.

"ಇನ್ನೊಂದು ಚೂರು ಒತ್ತಿ ಇಡ್ಕೊಳ್ಳಕ್ಕಾಗ್ಲಿಲ್ವಾ ನಿಂಗೆ?" ಅಂದ ಅಪ್ಪ.

ಅಂದಿನಿಂದ ಅವನು ಅವಳ ಕೈಯಿಂದ ನೀರು ಮುಟ್ಟಲಿಲ್ಲ. ಅಡುಗೆ ಅವಳದು, ಬಡಿಸುವುದು ನಾನು. ಊರವರೂ ಅವಳನ್ನು ಕರೆಯುವುದು ಬಿಟ್ಟರು. ಆದರೆ ಅಮ್ಮನ ತಿಥಿ ಮುಗಿಸಿದ ಮಾರನೆಯ ದಿನವೇ ಅಪ್ಪ ಅದೇ ಗೇಟಿನಲ್ಲಿ ಕಾರ್ಡು ತೋರಿಸಿ, ತಲೆ ತಗ್ಗಿಸಿ ಒಳಗೆ ಹೋದ. ಆ ಗೇಟನ್ನು ಒಂದು ಮಾತು ಕೇಳಲಿಲ್ಲ. ಅವನ ಸಿಟ್ಟಿಗೆ ಸಿಕ್ಕಿದ್ದು ಒಬ್ಬ ಹೆಂಗಸಿನ ಹೆಬ್ಬೆಟ್ಟು. ನಾನೂ ಅವನಿಗಿಂತ ಮೇಲಲ್ಲ. ದೊಡ್ಡವಳಾದ ಮೇಲೆ ಒಮ್ಮೆ, ಅಪ್ಪನಿಗೆ ನಿಜ ಹೇಳಿಬಿಡುತ್ತೇನೆ ಎಂದೆ. ದೊಡ್ಡಮ್ಮ ಮುದ್ದೆ ತಿರುವುತ್ತಲೇ ಅಂದಳು: "ಬಾಯ್ ಮುಚ್ಕೊಂಡು ಉಣ್ಣು. ನಿಮ್ಮಪ್ಪಂಗೆ ನಿನ್ ಕೈ ನೀರಾದ್ರೂ ಬ್ಯಾಡ್ವಾ?" ಉಂಡೆ. ವರ್ಷಗಟ್ಟಲೆ ಬಾಯಿ ಮುಚ್ಚಿಕೊಂಡೇ ಉಂಡೆ.

ದೊಡ್ಡಮ್ಮನ ತಿಥಿಯ ದಿನ, ಆ ಮಾತು ಕೇಳಿದ ಮೇಲೆ, ಕೈ ತೊಳೆದು ಎದ್ದೆ. ಜಗುಲಿಯಲ್ಲಿ ಕೂತಿದ್ದ ಅಪ್ಪ ನೀರು ಕೇಳಿದ. ಲೋಟ ಅವನ ಕೈಗಿಟ್ಟು, ಆ ಹೆಂಗಸರಿಗೂ ಕೇಳುವಂತೆ ಗಟ್ಟಿಯಾಗಿ ಹೇಳಿದೆ: "ಎಬ್ಬೆಟ್ಟು ಜಾರ್ಲಿಲ್ಲ ಅಪ್ಪ. ನಾಲ್ಕಾಯ್ತು ಅಂತ ಕೂಗಿದ್ದು ನಾನು."

ಅಪ್ಪ ಕುಡಿಯಲೂ ಇಲ್ಲ, ಲೋಟ ಕೆಳಗಿಡಲೂ ಇಲ್ಲ. ಎದ್ದು, ಗೋಡೆ ಹಿಡಿದುಕೊಂಡು ಒಳಗೆ ಹೋಗಿ, ಆ ಲೋಟವನ್ನು ದೊಡ್ಡಮ್ಮನ ಎಡೆಯ ಮುಂದೆ ಇಟ್ಟ.