ಮಕ್ಕಳ ಮರುಪ್ರಶ್ನೆ ಮತ್ತು ಕಿವಿಯಕ್ಕ

ವಿಶ್ವವಿದ್ಯಾಲಯದ ಮೂರನೇ ಮಹಡಿಯಲ್ಲಿ ಎಲ್ಲರೂ ಅವಳನ್ನು ಕಿವಿಯಕ್ಕ ಎಂದೇ ಕರೆಯುತ್ತಿದ್ದರು. ಸಂಶೋಧಕರು ಧ್ವನಿಮುದ್ರಿಸಿ ತಂದ ಸಂದರ್ಶನಗಳನ್ನು ಹೆಡ್‌ಫೋನ್‌ನಲ್ಲಿ ಕೇಳಿ ಟೈಪ್ ಮಾಡುವುದು ಇಪ್ಪತ್ತೆರಡು ವರ್ಷಗಳಿಂದ ಅವಳ ಕೆಲಸ.

ಆ ವರ್ಷ ಬಾಲ್ಯದ ಬಗ್ಗೆ ಅಧ್ಯಯನ ಮಾಡುವ ಪ್ರೊಫೆಸರು, ತಮ್ಮ ವಿದ್ಯಾರ್ಥಿಗಳೊಂದಿಗೆ ಆಟಿಕೆ ಅಂಗಡಿಯ ಬಾಗಿಲಲ್ಲಿ ನಿಂತು ನೂರನಲವತ್ತು ಮಕ್ಕಳನ್ನು "ನಿನಗೇನು ಬೇಕು?" ಎಂದು ಮಾತಾಡಿಸಿ ಬಂದಿದ್ದರು. ಜಾಹೀರಾತು ಮಕ್ಕಳ ತಲೆ ಕೆಡಿಸುವ ಬಗೆಯನ್ನು ಕುರಿತು ಅವರೊಂದು ಪುಸ್ತಕ ಬರೆಯುತ್ತಿದ್ದರು.

"ಮಕ್ಕಳ ಉತ್ತರ ಮಾತ್ರ ಟೈಪ್ ಮಾಡಿ. ಮಿಕ್ಕಿದ್ದೆಲ್ಲ ಹರಟೆ, ಬಿಟ್ಬಿಡಿ," ಎಂದು ತಾಕೀತು ಮಾಡಿದ್ದರು.

ಮೂರನೇ ದಿನಕ್ಕೇ ಕಿವಿಯಕ್ಕನ ಕೈ ತಡೆಯಿತು. ಐದು ವರ್ಷದ ಪುಟ್ಟಿಯೊಬ್ಬಳು ತನಗೆ ಮಾತಾಡುವ ಗೊಂಬೆ ಬೇಕೆಂದವಳೇ, "ನಿಂಗೇನ್ ಬೇಕು?" ಎಂದು ಕೇಳಿಬಿಟ್ಟಿದ್ದಳು. ಸಂದರ್ಶನಕ್ಕೆ ಹೋಗಿದ್ದ ವಿದ್ಯಾರ್ಥಿನಿ ತಡವರಿಸಿದಳು.

"ನಂಗೆ... ಹೊಸ ಫೋನು. ಮೂರು ಕ್ಯಾಮೆರಾದ್ದು."

"ನಿಂಗಿರೋದು ಎರಡೇ ಕಣ್ಣಲ್ವಾ?"

ಕಿವಿಯಕ್ಕ ನಕ್ಕು ನಕ್ಕು ಸುಸ್ತಾದಳು. ಬಿಡಲು ಮನಸ್ಸೊಪ್ಪದೆ ಬೇರೊಂದು ಹಾಳೆಯಲ್ಲಿ ಅದನ್ನು ಬರೆದಿಟ್ಟಳು. ಮುಂದೆ ಕೇಳಿದಷ್ಟೂ ಅಂಥವೇ ಸಿಕ್ಕವು. ಅರವತ್ತೊಂದು ಮಕ್ಕಳು ಹೀಗೆ ತಿರುಗಿ ಕೇಳಿದ್ದರು; ಸಂದರ್ಶನಕ್ಕೆ ಹೋದ ದೊಡ್ಡವರು ಜಾಹೀರಾತಿನ ಮಾತುಗಳನ್ನೇ ಗಿಳಿಪಾಠದಂತೆ ಒಪ್ಪಿಸಿದ್ದರು.

ಕೊನೆಗೆ ಆ ಹಾಳೆಗಳನ್ನು ಪ್ರೊಫೆಸರ ಮೇಜಿನ ಮೇಲಿಟ್ಟಳು. ಅವರು ಹುಬ್ಬು ಗಂಟಿಕ್ಕಿದರು.

"ಇದನ್ನ ಬಿಡಿ ಅಂದಿದ್ನಲ್ಲಮ್ಮಾ?"

"ಹೌದು ಸಾರ್. ಆದ್ರೂ ನಲವತ್ತನೇ ಪುಟ ಒಂದ್ಸಲ ನೋಡ್ಬಿಡಿ. ಅಲ್ಲಿರೋದು ನಿಮ್ಮದೇ ಧ್ವನಿ."

ಅಲ್ಲಿ ಸಾಕ್ಷಾತ್ ಪ್ರೊಫೆಸರೇ ತಮಗೆ ಬೇಕಾದ ಕಾರನ್ನು ಬಾಯ್ತುಂಬ ಬಣ್ಣಿಸಿ, ಅದರ ಜಾಹೀರಾತಿನ ಹಾಡನ್ನೂ ಗುನುಗಿದ್ದರು. "ರಾಗ ತಪ್ತು, ಇನ್ನೊಂದ್ಸಲ ಹೇಳಿ," ಎಂದು ಎದುರಿಗಿದ್ದ ಮಗು ತಿದ್ದಿತ್ತು. ಇವರು ಹೇಳಿಯೂ ಇದ್ದರು!

ಓದುತ್ತಿದ್ದಂತೆ ಪ್ರೊಫೆಸರ ಮುಖ ಕೆಂಪಾಯಿತು. ಆಮೇಲೆ ಹೊಟ್ಟೆ ಹಿಡಿದುಕೊಂಡು ನಗತೊಡಗಿದರು. "ನನ್ನ ಪುಸ್ತಕಾನೇ ತಲೆಕೆಳಗಾಯ್ತಲ್ಲ ತಾಯಿ!"

ಮಕ್ಕಳು ಬರೀ ಆಸೆಪಡುವವರಲ್ಲ, ದೊಡ್ಡವರ ಆಸೆಯನ್ನು ಅಳೆದು ನೋಡುವವರೂ ಹೌದು ಎಂದು ಅವರು ಪುಸ್ತಕವನ್ನು ಮತ್ತೆ ಬರೆದರು. ಮುಖಪುಟದಲ್ಲಿ ಇಬ್ಬರ ಹೆಸರೂ ಬಂತು. "ಟೈಪ್ ಮಾಡಿದೋರೆಲ್ಲ ಲೇಖಕರಾ?" ಎಂದು ಒಬ್ಬಿಬ್ಬರು ಗೊಣಗಿದಾಗ ಪ್ರೊಫೆಸರು, "ಎದುರಿಗೇ ಇದ್ದ ನನಗೆ ಕೇಳಿಸದ್ದು ಅವರಿಗೆ ಕೇಳಿಸ್ತಲ್ಲಪ್ಪಾ," ಎಂದು ಬಾಯಿ ಮುಚ್ಚಿಸಿದರು.

ಮನೆಯಲ್ಲಿ ಅವಳ ದರ್ಜಿ ಗಂಡ ಹೊಲಿಗೆ ಯಂತ್ರ ಬದಿಗಿಟ್ಟು, ಕಷ್ಟದ ಪುಟಗಳನ್ನೆಲ್ಲ ಹಾರಿಸಿ, ಮಕ್ಕಳ ಮಾತನ್ನಷ್ಟೇ ಗಟ್ಟಿಯಾಗಿ ಓದಿದ. ಅತ್ತೆಗೆ ಕಿವಿ ಮಂದ, ಹಾಗಾಗಿ ಪ್ರತಿಯೊಂದನ್ನೂ ಎರಡೆರಡು ಸಲ ಓದಬೇಕಾಯಿತು. ಎರಡನೇ ಸಲವೂ ಮೂವರೂ ಬಿದ್ದುಬಿದ್ದು ನಕ್ಕರು.