ಹೆಸರಿಲ್ಲದ ಹುಣ್ಣಿಮೆ

ಚಾಚಿಯ ಬೆರಳ ತುದಿಗಳು ಸದಾ ಕೆಂಪಗಿರುತ್ತಿದ್ದವು. ಮದರಂಗಿಯ ಕೆಂಪಲ್ಲ, ಮೆಣಸಿನಕಾಯಿಯದು. ಬ್ಯಾಡಗಿಯಲ್ಲಿ ನಮ್ಮ ಪಕ್ಕದ ಮನೆಯಾಕೆ. ಗಂಡ ಮಾರುಕಟ್ಟೆಯಲ್ಲಿ ಹಮಾಲ, ಈಕೆ ಪಡಸಾಲೆಯಲ್ಲಿ ಚೀಲ ಸುರಿದುಕೊಂಡು ಕಾಯಿಯ ತೊಟ್ಟು ಬಿಡಿಸುವವಳು. ಎಷ್ಟು ತೊಳೆದರೂ ಆ ಬೆರಳಲ್ಲಿ ಖಾರ ಉಳಿಯುತ್ತಿತ್ತು. ಅದಕ್ಕೇ ಆಕೆ ಯಾರನ್ನೂ ಅಂಗೈಯಿಂದ ಮುಟ್ಟಿದವಳಲ್ಲ. ಮಕ್ಕಳ ಗಲ್ಲ ಸವರುವುದು ಕೈಯ ಹಿಂಬದಿಯಿಂದ, ನಮ್ಮ ಹಿತ್ತಿಲ ಬಾಗಿಲು ತಳ್ಳುವುದು ಮೊಣಕೈಯಿಂದ. ನಮ್ಮ ಬಟ್ಟಲನ್ನು ಬರಿದಾಗಿ ಹಿಂದಿರುಗಿಸಿದವಳೂ ಅಲ್ಲ. ಏನೂ ಇಲ್ಲದ ದಿನ ಒಂದು ಚೂರು ಬೆಲ್ಲವಾದರೂ ಅದರಲ್ಲಿರುತ್ತಿತ್ತು.

ಎಂಬತ್ತರ ದಶಕದ ಕೊನೆಯ ಮಾತು. ನಾನು ಎರಡನೆಯ ಸಲ ಬಸುರಿ. ಮೊದಲ ಕೂಸು ತವರಿನಲ್ಲಿ ಎಂಟು ತಿಂಗಳಿಗೇ ಹುಟ್ಟಿ, ಹೆಸರಿಡುವ ಮುಂಚೆಯೇ ಹೋಗಿತ್ತು. "ಏಳರಾಗ ಹುಟ್ಟಿದ್ದು ಉಳದೀತು, ಎಂಟರಾಗಿಂದು ಉಳಿಯಂಗಿಲ್ಲ" ಎಂದು ಹೆಂಗಸರು ಅಂದದ್ದು ನನ್ನ ಕಿವಿಯಿಂದ ಹೋಗಿರಲಿಲ್ಲ. ಕದರಮಂಡಲಗಿ ಹನುಮಪ್ಪನಲ್ಲಿ ದಿನಾ ಅದೊಂದನ್ನೇ ಬೇಡುತ್ತಿದ್ದೆ: ಎಂಟು ದಾಟಿಸಪ್ಪ, ಮುಂದಿನದು ನಿನ್ನ ಚಿತ್ತ.

ತಿಂಗಳ ಲೆಕ್ಕವೆಲ್ಲ ಅತ್ತೆಯದು. ನಮ್ಮ ಕಡೆ ಹುಣ್ಣಿಮೆಯ ಹೆಸರು ಹಿಡಿದು ಎಣಿಸುತ್ತಾರೆ. ನಾನು ಕಡೆಯ ಸಲ ಹೊರಗೆ ಕೂತದ್ದು ಯುಗಾದಿಗೆ. ಬೇವು-ಬೆಲ್ಲವನ್ನೂ ದೂರದಿಂದಲೇ ಇಸಿದುಕೊಂಡಿದ್ದೆ. ಅಲ್ಲಿಂದ ಅತ್ತೆ ಬೆರಳು ಮಡಚುತ್ತ ಬಂದರು. ದವನದ ಹುಣ್ಣಿಮೆ, ಆಗಿ ಹುಣ್ಣಿಮೆ, ಕಾರ ಹುಣ್ಣಿಮೆ ಎನ್ನುತ್ತ ಗೌರಿ ಹುಣ್ಣಿಮೆಗೆ ಎಂಟನೆಯ ಬೆರಳು ಮಡಚಿದರು.

ಅದಾಗಿ ಬಂದ ಅಮಾವಾಸ್ಯೆಯ ಬೆಳಿಗ್ಗೆ ರಂಗೋಲಿ ಹಾಕಿ ಏಳುವಾಗ ನನ್ನ ಕಾಲ ಮೇಲೆ ನೀರು ಇಳಿಯಿತು. ಹಿಂದೆಯೇ ನಡುನೋವು. ಯಜಮಾನರು ಊರಲ್ಲಿರಲಿಲ್ಲ. ಅತ್ತೆ ಬಿಳುಚಿಕೊಂಡರು. ನನ್ನನ್ನು ಮಲಗಿಸಿ, ಮಂಚದ ಕಾಲ್ದೆಸೆಗೆ ಇಟ್ಟಿಗೆ ಕೊಟ್ಟು ಎತ್ತರಿಸಿದರು.

"ಇನ್ನೂ ಎಂಟರಾಗ ಐತಿ. ಅಲುಗಾಡಬ್ಯಾಡ. ತಡಕೋ ನನ್ನವ್ವಾ, ತಡಕೊಂಡ್ರ ನಿಂತೀತು."

ನಾನೂ ಹಲ್ಲು ಕಚ್ಚಿ ತಡೆದೆ. ನೋವು ಬಂದಾಗಲೆಲ್ಲ ತೊಡೆ ಬಿಗಿದು, ಈಗ ಬರಬೇಡ ಕೂಸೇ, ಬಂದರೆ ನೀನು ಉಳಿಯುವುದಿಲ್ಲ ಎಂದು ಒಳಗೊಳಗೇ ಅಂಗಲಾಚಿದೆ. ಮಧ್ಯಾಹ್ನದ ಹೊತ್ತಿಗೆ ಒದೆತ ಕಡಿಮೆಯಾಯಿತು. ಅದನ್ನು ಬಾಯಿಬಿಟ್ಟು ಹೇಳಲೂ ಹೆದರಿಕೆ. ಹೇಳಿದರೆ ನಿಜವಾಗಿಬಿಡುತ್ತದೇನೋ ಎಂದು.

ಆಗ ಹಿತ್ತಿಲ ಬಾಗಿಲು ಮೊಣಕೈಗೆ ಸರಿಯಿತು. ಚಾಚಿ ಬಂದವಳೇ ಕೈಯ ಹಿಂಬದಿಯನ್ನು ನನ್ನ ಹೊಟ್ಟೆಯ ಮೇಲಿಟ್ಟು ನೋಡಿದಳು.

"ಅಕ್ಕಾರ, ದವಾಖಾನಿಗೆ ಒಯ್ಯೂದ ಬಿಟ್ಟು ಹುಡುಗೀನ ಯಾಕ ತಲಿಕೆಳಗ ಮಾಡೀರಿ?"

"ಎಂಟರಾಗ ಐತಿ ಬೀಬಿ. ಮ್ಯಾಲ ಅಮಾಸಿ. ಅಮಾಸಿ ದಿನಾ ಬಸರೀನ ಹೊಸ್ತಿಲಾ ದಾಟಸ್ತಾರೇನು?"

"ಎಂಟು ಎಲ್ಲೀದ್ರಿ? ಒಂಬತ್ತು ತುಂಬ್ಯಾವು."

"ನಮ್ಮ ಹುಣ್ಣಿಮಿ ನಿನಗೇನ ಗೊತ್ತ?"

"ಹುಣ್ಣಿಮಿ ಗೊತ್ತಿಲ್ರಿ, ಚಾಂದ ಗೊತ್ತೈತಿ. ಯುಗಾದಿ ಚಂದ್ರನ್ನ ಈಕಿ ಹಿತ್ತಲದಾಗ ಕುಂತು ನೋಡಿದ್ಲು, ಗ್ವಾಡಿ ಆಚೆ ನಿಂತು ನಾನೂ ನೋಡಿದೆ. ಮುಂದಿನ ಚಾಂದಕ್ಕ ನಮ್ಮ ರೋಜಾ ಚಾಲೂ ಆತು. ಅದರ ಮುಂದಿನ ಚಾಂದಕ್ಕ ಹಬ್ಬ. ನನ್ನ ಸುರಕುಂಬಾದ ಹಾಲಿನ ವಾಸನಿಗೇ ಈಕಿ ವಾಂತಿ ಮಾಡ್ಕೊಂಡ್ಲಲ್ರಿ, ಬಟ್ಲಾ ಹಂಗ ವಾಪಸ್ ಬಂತು!"

ಹೀಗೆ ಬಕ್ರೀದು, ಮೊಹರಂ ಎಂದು ಒಂದೊಂದೇ ಚಾಂದ ಹಿಡಿದು ಬೆರಳ ಗೆಣ್ಣಿನ ಮೇಲೆ ಎಣಿಸುತ್ತ ಬಂದು ಒಂಬತ್ತಕ್ಕೆ ನಿಂತಳು. ಅತ್ತೆ ಮತ್ತೆ ತಮ್ಮ ಹುಣ್ಣಿಮೆ ಎಣಿಸಿದರು. ಮತ್ತೆ ಎಂಟೇ.

ಇಬ್ಬರ ಲೆಕ್ಕದ ನಡುವೆ ನಾನು. ಎಂಟೇ ಆಗಿದ್ದು ಹಡೆದರೆ ಕೂಸು ಹೋಯಿತು; ಒಂಬತ್ತಾಗಿದ್ದು ತಡೆದರೂ ಹೋಯಿತು. ಕೊನೆಗೆ ಬಾಯಿಬಿಟ್ಟೆ.

"ಅತ್ತಿಯಾರ, ಕೂಸು ಒದಿಯೂದು ಬಿಟ್ಟೈತ್ರಿ."

ಚಾಚಿ ಮುಂದಿನ ಮಾತಿಗೆ ನಿಲ್ಲಲಿಲ್ಲ. ಆಕೆಯ ಗಂಡ ತಂದದ್ದು ಆಗಷ್ಟೇ ಮೆಣಸಿನಕಾಯಿ ಚೀಲ ಇಳಿಸಿದ್ದ ಟೆಂಪೋ. ಅತ್ತೆ ಹೊಸ್ತಿಲಿಗೆ ಕುಂಕುಮ ಹಚ್ಚಿ, ಕಣ್ಣು ಮುಚ್ಚಿ ನನ್ನನ್ನು ದಾಟಿಸಿದರು. ರಾಣೇಬೆನ್ನೂರಿನ ದವಾಖಾನೆಯವರೆಗೂ ಎಲ್ಲರೂ ಸೀನಿದೆವು. ಸೀನು ಬಂದಾಗಲೆಲ್ಲ ಜೀವವೇ ಜಾರಿತೆಂದು ನಾನು ಹೊಟ್ಟೆ ಅವುಚಿಕೊಳ್ಳುತ್ತಿದ್ದೆ. ಮೋಟೆಬೆನ್ನೂರಿನ ಹತ್ತಿರ ಹೆದ್ದಾರಿಗೆ ಹತ್ತುವಾಗ ಅತ್ತೆ ಹನುಮಪ್ಪನನ್ನು, ಚಾಚಿ ಅಲ್ಲಾನನ್ನು ಸೀನಿನ ನಡುನಡುವೆಯೇ ಕೂಗಿ ಕರೆಯುತ್ತಿದ್ದರು.

ಹೆಣ್ಣು ಹುಟ್ಟಿತು. ಅಳಲಿಲ್ಲ. ನರ್ಸಬಾಯಿ ಬೆನ್ನು ತಿಕ್ಕಿದಳು, ಅಂಗಾಲು ತಟ್ಟಿದಳು. ಆ ಹೊತ್ತಿನಲ್ಲಿ ನಾನು ದೇವರ ಹೆಸರನ್ನೂ ಮರೆತಿದ್ದೆ. ಆಮೇಲೆ ಬೆಕ್ಕಿನ ಮರಿಯಂಥ ಸಣ್ಣ ದನಿ ಬಂತು.

"ದಿನಾ ತುಂಬಿದ ಕೂಸ್ರಿ," ಎಂದಳು ನರ್ಸಬಾಯಿ. "ಒಳಗ ಭಾಳ ದಣದೈತಿ. ಇನ್ನಷ್ಟ ತಡಾ ಮಾಡಿದ್ರ ಕಷ್ಟಿತ್ತು."

ಹೊರಗೆ ಕೂತಿದ್ದ ಅತ್ತೆ ಮತ್ತೊಮ್ಮೆ ಬೆರಳು ಮಡಚಿ, ಆಗಿ ಹುಣ್ಣಿಮೆಗೂ ಕಾರ ಹುಣ್ಣಿಮೆಗೂ ನಡುವೆ ಗಕ್ಕನೆ ನಿಂತರಂತೆ. ಆ ವರ್ಷ ಅಲ್ಲಿ ಅಧಿಕ ಮಾಸ ಬಂದಿತ್ತು. ಆ ಹೆಚ್ಚಿನ ತಿಂಗಳ ಹುಣ್ಣಿಮೆಗೆ ಹಬ್ಬವಿಲ್ಲ, ಹೆಸರಿಲ್ಲ. ಹೆಸರಿಲ್ಲದ್ದಕ್ಕೆ ಬೆರಳೂ ಮಡಚಿರಲಿಲ್ಲ.

"ಅಯ್ಯ ನನ್ನ ಶಿವನ! ಅಧಿಕದಾಗ ಅಳಿಯನ್ನ ಕರದು ಹೋಳಿಗಿ ಉಣಿಸಿ ಧೋತ್ರಾ ಕೊಟ್ಟೇನಲ್ಲ ನಾನ!"

"ಅಳಿಯನ್ನ ನೆನಪಿಟ್ರಿ, ಸೊಸಿ ತಿಂಗಳಾ ಮರತ್ರಿ," ಎಂದಳು ಚಾಚಿ.

ಅತ್ತೆ ನಕ್ಕರು, ನಗುತ್ತಲೇ ಸೆರಗಿನಲ್ಲಿ ಮುಖ ಮುಚ್ಚಿಕೊಂಡು ಅತ್ತರು. ಚಾಚಿ ಅವರ ಬೆನ್ನಿಗೆ ಮಣಿಕಟ್ಟು ತಾಗಿಸಿ ಹೇಳಿದಳು: "ಹೆಸರಿಟ್ಟಾವ್ರು ನಾವ್ರಿ ಅಕ್ಕಾರ. ಚಂದ್ರ ಹೆಸರಿಲ್ಲದಿದ್ರೂ ಮೂಡತಾನ."

ಮಗಳು ನಾಲ್ಕನೆಯ ಇಯತ್ತೆಯಲ್ಲಿದ್ದಾಗ ಚಾಚಿ ದಮ್ಮಿನಿಂದ ತೀರಿಕೊಂಡಳು. ಹೆಂಗಸರು ಮೀಯಿಸಿ ಬಿಳಿ ಬಟ್ಟೆ ಸುತ್ತಿದ್ದರು. ಮುಖವೊಂದು ಕಾಣುತ್ತಿತ್ತು. ನಾನು ಕೈ ಚಾಚಿದೆ, ಹಾಗೇ ಮಗುಚಿದೆ. ಕೈಯ ಹಿಂಬದಿಯಿಂದ ಆ ಗಲ್ಲ ಸವರಿದೆ. ನನಗೆ ಗೊತ್ತಿದ್ದ ಆಕೆಯ ಮುಟ್ಟುವಿಕೆ ಅದೊಂದೇ.

ಅದಾದ ಮೇಲೆ ಮತ್ತೆ ಅಧಿಕ ಮಾಸ ಬಂದಾಗ, ಅದರ ಹುಣ್ಣಿಮೆಯ ಸಂಜೆ ಹಿತ್ತಿಲ ಗೋಡೆಯ ಮೇಲೆ ದೀಪವಿಟ್ಟು, ಪಕ್ಕಕ್ಕೆ ಒಂದು ಚೂರು ಬೆಲ್ಲವಿಟ್ಟೆ. ಮಗಳು ಓಡಿ ಬಂದು ಕೇಳಿದಳು.

"ಇವತ್ತ ಯಾವ ಹುಣ್ಣಿಮಿ ಅವ್ವಾ?"

"ಚಾಚಿ ಹುಣ್ಣಿಮಿ," ಎಂದೆ.