ಓಟದಲ್ಲಿ ಎಷ್ಟನೆಯವನು

ನೋವಿಗೆ ಹಚ್ಚುವ ಮುಲಾಮಿನ ವಾಸನೆ ಮೊದಲು ನಮ್ಮ ಮನೆಯೊಳಗೆ ಬಂತು, ಅದರ ಹಿಂದೆ ಸಹನಾ ಬಂದಳು. ಬಳ್ಳಾರಿಯ ಮೈದಾನದಲ್ಲಿ ಓಡಿ, ಮೊಣಕಾಲಿಗೆ ಮುಲಾಮು ತಿಕ್ಕಿಕೊಂಡು, ನೇರ ನನ್ನ ಕಂಪ್ಯೂಟರಿನ ಮುಂದೆ ಕೂತಳು. ಪೊಲೀಸ್ ಕಾನ್‌ಸ್ಟೇಬಲ್ ಹುದ್ದೆಗೆ ಅರ್ಜಿ ಹಾಕಲು ಅವತ್ತೇ ಕೊನೆಯ ದಿನ. ಅವಳಪ್ಪ ದುರುಗಪ್ಪ ನನ್ನ ಹಳೆಯ ಗೆಳೆಯ, ಸಿರುಗುಪ್ಪದಲ್ಲಿ ಹೆಡ್ ಕಾನ್‌ಸ್ಟೇಬಲ್. ರಾತ್ರಿಯ ಬಂದೋಬಸ್ತ್ ಮುಗಿಸಿ ಬಂದವನು ಸೋಫಾದಲ್ಲಿ ಕಣ್ಣು ಮುಚ್ಚಿ ಕೂತಿದ್ದ.

ನಾನು ಕೇಳುತ್ತ ಹೋದೆ. ಗ್ರಾಮೀಣ ಮೀಸಲಾತಿ? ಹೂಂ. ಕನ್ನಡ ಮಾಧ್ಯಮ? ಹೂಂ. ಕಲ್ಯಾಣ ಕರ್ನಾಟಕ? ಹೂಂ. ಪರಿಶಿಷ್ಟ ಜಾತಿ?

"ಬ್ಯಾಡ ಸರ್. ಜನರಲ್ ಹಾಕ್ರಿ."

"ಯಾಕವ್ವ?"

"ಹಾಸ್ಟೆಲ್‌ನ್ಯಾಗ ದಿನಾ ಅಂತಾರ. ನಿನಗೇನಲೇ, ಕುರ್ಚಿ ಕಾದೈತಿ, ಹೋಗಿ ಕುಂದ್ರೋದಷ್ಟ ಬಾಕಿ ಅಂತ. ನನಗ ಸಾಕಾಗೇತಿ."

ಜಾತಿ ಬರೆದರೂ ಅಂಕ ಹೆಚ್ಚು ಬಂದರೆ ಹೆಸರು ಸಾಮಾನ್ಯ ಪಟ್ಟಿಯಲ್ಲೇ ಬರುತ್ತದೆ, ಬರೆಯದೆ ಕಡಿಮೆ ಬಂದರೆ ಯಾವ ಪಟ್ಟಿಯಲ್ಲೂ ಬರುವುದಿಲ್ಲ ಎಂದು ತಿಳಿಹೇಳಿದೆ.

"ಪಟ್ಟಿ ಯಾರು ಓದ್ತಾರ್ರಿ ಸರ್? ಕೋಟಾ ಅಂತನ ಅಂತಾರ," ಅಂದಳು.

ನಾನು ಮೇಷ್ಟರಾದದ್ದು ಗ್ರಾಮೀಣ ಮೀಸಲಾತಿಯಲ್ಲಿ. ಇಷ್ಟು ವರ್ಷಗಳಲ್ಲಿ ಒಬ್ಬರೂ ನನ್ನನ್ನು ಹಳ್ಳಿ ಕೋಟಾದ ಮೇಷ್ಟ್ರು ಅಂದಿಲ್ಲ. ಸಾಲದ್ದಕ್ಕೆ ಸ್ಟಾಫ್ ರೂಮಿನಲ್ಲಿ ಪ್ರತಿಭೆಯ ಬಗ್ಗೆ ನಾಲ್ಕು ಮಾತಾಡಿದ್ದೂ ಉಂಟು. ಅವಳಿಗೆ ಇದನ್ನು ಹೇಳಬಹುದಿತ್ತು. ಹೇಳದೆ, ಎಲ್ಲರಿಗೂ ಹೇಳುವ ದುರುಗಪ್ಪನ ಕಥೆಗೆ ಕೈಹಾಕಿದೆ.

ಈ ಕಥೆಯನ್ನು ನಾನು ಎಷ್ಟು ಸಲ ಹೇಳಿದ್ದೇನೆಂದರೆ ಯಾವುದು ನಡೆದದ್ದು, ಯಾವುದು ಹೇಳಿ ಹೇಳಿ ಸೇರಿಕೊಂಡದ್ದು ನನಗೇ ತಿಳಿಯದು. ನೀವೂ ಪೂರ್ತಿ ನಂಬಬೇಡಿ. ನಾವಿಬ್ಬರೂ ಕುರುಗೋಡಿನಲ್ಲಿ ಬೆಳಗಿನ ಜಾವ ಓಡಿ ಪೊಲೀಸ್ ಕೆಲಸಕ್ಕೆ ತಯಾರಾಗುತ್ತಿದ್ದೆವು. ದುರುಗಪ್ಪ ಬಾದನಹಟ್ಟಿಯಿಂದ ಬರುತ್ತಿದ್ದ. ಮೊದಲ ಸಲ ಯಾರದೋ ಚುಚ್ಚುಮಾತಿಗೆ ರೋಸಿ, ಜಾತಿ ಬರೆಯದೆ ಜನರಲ್ಲಿನಲ್ಲಿ ಅರ್ಜಿ ಹಾಕಿದ. ಓಟದಲ್ಲಿ ಪಾಸಾದ, ಲಿಖಿತ ಪರೀಕ್ಷೆಯಲ್ಲಿ ಸ್ವಲ್ಪದರಲ್ಲಿ ಹೋಯಿತು. ಜಾತಿ ಬರೆದಿದ್ದರೆ ಆ ಅಂಕಕ್ಕೆ ಸಿಕ್ಕಿರುತ್ತಿತ್ತು. ಮುಂದಿನ ಸಲ ಅರ್ಜಿ ಕರೆಯುವ ಹೊತ್ತಿಗೆ ವಯಸ್ಸು ಮೀರುತ್ತ ಬಂದಿತ್ತು. ಅವನಿಗೆ ಅದೇ ಕೊನೆಯ ಅವಕಾಶ. ಅವನವ್ವ ಎದುರಿಗೆ ಕೂತು ಜಾತಿ ಬರೆಸಿದಳು.

ಎತ್ತರದಲ್ಲಿ ಅವನು ಅಂಚಿನ ಗಿರಾಕಿ. ರಾತ್ರಿ ಮಲಗಿ ಎದ್ದಾಗ ಮನುಷ್ಯ ಚೂರು ಉದ್ದ ಇರುತ್ತಾನೆ, ಓಡಾಡುತ್ತ ಕುಗ್ಗುತ್ತಾನೆ ಎನ್ನುವುದು ನಮ್ಮ ಕಡೆ ಓಟದ ಹುಡುಗರಿಗೆಲ್ಲ ಗೊತ್ತು. ಹಾಗಾಗಿ ಅಳತೆಯ ದಿನ ಅವನನ್ನು ಹಾಸಿಗೆ ಸಮೇತ ಎತ್ತಿ ಟೆಂಪೊದಲ್ಲಿ ಮಲಗಿಸಿ ಬಳ್ಳಾರಿಗೆ ಒಯ್ದೆವು. ನಾನು ಹೇಳುವಾಗ ಟೆಂಪೊದಲ್ಲಿ ಒಮ್ಮೆ ಮೆಣಸಿನಕಾಯಿ ಚೀಲ ಇರುತ್ತವೆ, ಒಮ್ಮೆ ಹತ್ತಿ. ಡ್ರೈವರನ ಮಾತು ಮಾತ್ರ ಬದಲಾಗಿಲ್ಲ: "ಹೆಣ ಒಯ್ಯಾಕತ್ತೀರೋ, ಪೊಲೀಸನ್ನ ಒಯ್ಯಾಕತ್ತೀರೋ?" ದುರುಗಪ್ಪ ನಗಲು ತಲೆ ಎತ್ತಿದರೆ ಅವನವ್ವ ಅದನ್ನು ಒತ್ತಿ ಹಿಡಿದಳು. "ಏಳಬ್ಯಾಡಲೇ, ಗಿಡ್ಡ ಆಗ್ತಿ."

ಎತ್ತರಕ್ಕೆ ಪಾಸಾದ. ಆಮೇಲೆ ಓಟ. ಓಟದ ಗಡಿಯಾರ ಜಾತಿ ಕೇಳುವುದಿಲ್ಲ, ಅವನಿಗೂ ಒಂದೇ, ನನಗೂ ಒಂದೇ. ನಾನು ಗೆರೆ ಮುಟ್ಟುವಷ್ಟರಲ್ಲಿ ಹೊತ್ತು ಮುಗಿದ ಸೀಟಿ ಊದಿಯಾಗಿತ್ತು, ನಾನು ಫೇಲಾದೆ.

"ನಿಮ್ಮಪ್ಪ ಎಲ್ಲರಿಗಿಂತ ಮೊದಲು ಬಂದ ಸಹನಾ," ಎಂದೆ. "ಅಂಥವನನ್ನೂ ಜನ ಕೋಟಾ ಪೊಲೀಸ ಅಂದರು. ಅಂದುಕೊಳ್ಳಲಿ ಬಿಡು."

"ನಾ ಮೂರನೇದವ," ಅಂತ ಸೋಫಾದಿಂದ ದನಿ ಬಂತು. ಕಣ್ಣು ಇನ್ನೂ ಮುಚ್ಚಿಯೇ ಇದ್ದವು.

"ಮೊದಲು ಬಂದಿದ್ದೆಯಲ್ಲೋ!"

"ನೀ ಓಡಾಕತ್ತಿದ್ಯೋ, ನೋಡಾಕತ್ತಿದ್ಯೋ? ನೀ ಅಲ್ಲೆಲ್ಲೋ ಹಿಂದ ಏದುಸಿರು ಬಿಡಾಕತ್ತಿದ್ದಿ. ನಾ ಮೂರನೇದವ. ಎಲ್ಲಾರ ಮುಂದೂ ನನ್ನ ಮೊದಲನೇದವನ್ನ ಮಾಡ್ತಿ. ಕೇಳಿ ಕೇಳಿ ಸುಮ್ಮನಾಗೀನಿ." ಈಗ ಕಣ್ಣು ತೆರೆದ. "ಮೂರನೇದವಗ ಕೆಲಸ ಕೊಡಬಾರದೇನು?"

ಅವನ ಪರವಾಗಿ ವಾದಿಸುತ್ತಿದ್ದೇನೆ ಎಂದೇ ತಿಳಿದಿದ್ದೆ. ಆದರೆ ಚುಚ್ಚುವವರ ಅಳತೆಗೋಲನ್ನೇ ಕೈಯಲ್ಲಿ ಹಿಡಿದು, ಗೆಳೆಯನನ್ನು ಎಳೆದೆಳೆದು ಉದ್ದ ಮಾಡುತ್ತ ಬಂದಿದ್ದೆ.

ಸಹನಾ ಅಪ್ಪನ ಕಡೆ ತಿರುಗಿದಳು. "ಮೂರನೇದವ ಅಂತ ನನಗ ಯಾಕ ಹೇಳಿಲ್ಲಪ್ಪ?"

"ಏನು ಹೇಳಾದು? ಪಾಸಾಗಾಕ ಎಷ್ಟು ಬೇಕೋ ಅಷ್ಟು ಓಡಿದೆ. ಎಲ್ಲಾರೂ ಅಷ್ಟ ಓಡ್ತಾರ. ಜನರಲ್‌ನವರು ಏನು ಹಾರಿ ಬರ್ತಾರೇನು? ನಾನೂ ನಿನ್ನಂಗ ಸಿಟ್ಟು ಮಾಡಿ ಒಂದು ಸಲ ಕಳಕೊಂಡೀನಿ. ಅಂದವರು ಯಾರೂ ಬಂದು, ತಗಾ ತಮ್ಮ, ಚಲೋ ಮಾಡಿದಿ ಅನ್ನಲಿಲ್ಲ. ಇದ್ದದ್ದು ಬರಸು. ನನಗ ನಿದ್ದಿ ಬರಾಕತ್ತೇತಿ."

ಅವಳು ಪರದೆಯ ಕಡೆ ತಿರುಗಿದಳು. ಮನಸ್ಸು ಹಗುರಾದಂತೆ ಕಾಣಲಿಲ್ಲ. ಹಾಸ್ಟೆಲಿನ ಮಾತು ಒಂದು ಬೆಳಿಗ್ಗೆಗೆ ಇಳಿದುಹೋಗುವಂಥದ್ದಲ್ಲ. ಆದರೂ ನನ್ನ ಕೈಯಿಂದ ಮೌಸ್ ತೆಗೆದುಕೊಂಡು ಪರಿಶಿಷ್ಟ ಜಾತಿ ಎಂದಿದ್ದ ಕಡೆ ತಾನೇ ಒತ್ತಿದಳು.

ಅರ್ಜಿ ಹೋಗಲು ತಡವಾಗುತ್ತಿತ್ತು. ನಮ್ಮ ಬೀದಿಯ ಇಂಟರ್‌ನೆಟ್ ಗೊತ್ತಲ್ಲ.

"ಅಪ್ಪ, ಅವತ್ತು ಮೊದಲು ಬಂದವ ಯಾರು?"

ದುರುಗಪ್ಪ ಹಣೆ ಉಜ್ಜಿಕೊಂಡ. "ಮೋಕ ಊರಿನ ಕಡೆಯವ ಇದ್ದ ಅನಸ್ತೈತಿ. ನೆನಪಿಲ್ಲವ್ವ." ನನ್ನ ಕಡೆ ನೋಡಿದ. "ನಿನಗ ಗೊತ್ತೇನಲೇ?"

ಎಲ್ಲೂ ಕೇಳಿರದ ಒಂದು ಹೆಸರು ತಾನಾಗಿಯೇ ನಾಲಗೆಯ ತುದಿಗೆ ಬಂತು, ಹಿಂದೆಯೇ ಅದಕ್ಕೊಪ್ಪುವ ಒಂದು ಮುಖವೂ ಬಂತು.

"ಇಲ್ಲ," ಅಂದೆ.